ವೆಳಕ್ಕೆಣ್ಣೆ

ಆಗೆಲ್ಲ ಅವರೆಕಾಯಿಯ ಸೊಗಡೂ ಮಾವಿನ ಹೂವಿನ ವಾಸನೆಯೂ ನಮ್ಮೂರಿಗೆ ಒಟ್ಟಿಗೇ ಬರುತ್ತಿದ್ದವು. ಬೆಳಗ್ಗೆ ಎದ್ದು ಹಿತ್ತಲ ಬಾಗಿಲು ತೆಗೆದರೆ ಸಾಕು, ಇಬ್ಬನಿಯಲ್ಲಿ ನೆಂದ ಹೂವಿನ ಘಮ ಮೂಗಿಗೆ ಅಡರುತ್ತಿತ್ತು. ಒಳಗೆ ಅಮ್ಮ ಹಿದುಕಿದ ಬೇಳೆ ಸಾರಿಗೆ ಒಗ್ಗರಣೆ ಹಾಕುತ್ತಿದ್ದಳು. ಬೂದಿಕೋಟೆ ಕಡೆಯವರು, ನನ್ನ ವಯಸ್ಸಿನವರು ಯಾರಾದರೂ ಇದನ್ನು ಓದುತ್ತಿದ್ದರೆ ಈಗ ಒಂದು ಸಲ ಜೋರಾಗಿ ಉಸಿರು ಎಳೆದುಕೊಳ್ಳುತ್ತಾರೆಂದು ನನಗೆ ಗೊತ್ತು. ಎಳೆದುಕೊಳ್ಳಿ. ಏನೂ ಸಿಗುವುದಿಲ್ಲ.

ಒಂದು ವರ್ಷ ಮಾತ್ರ ನಮ್ಮ ಹಿತ್ತಲಲ್ಲಿ ಆ ಎರಡು ವಾಸನೆಗಳ ಜೊತೆಗೆ ಬೇವಿನೆಣ್ಣೆಯ ಘಾಟೂ ಸೇರಿತ್ತು. ಅದನ್ನು ತಂದವಳು ಸೆಲ್ವಿ ಚಿಕ್ಕಮ್ಮ.

ನನ್ನ ಚಿಕ್ಕಪ್ಪ ಮುನಿರಾಜು ಬಂಗಾರಪೇಟೆಯ ಅಕ್ಕಿ ಗಿರಣಿಯಲ್ಲಿ ಕೆಲಸಕ್ಕಿದ್ದ. ದಿನಾ ಬಸ್ಸಿನಲ್ಲಿ ಹೋಗಿ ಬರುತ್ತಿದ್ದವನು ಒಂದು ದಿನ ಕೊರಳಲ್ಲಿ ಹಾರ, ಪಕ್ಕದಲ್ಲಿ ಹೆಂಡತಿ ಸಮೇತ ಬಂದು ನಿಂತ. ಹೆಂಡತಿ ಉರಿಗಾಂನವಳು, ಚಿನ್ನದ ಗಣಿಯಲ್ಲಿ ದುಡಿದವರ ಮಗಳು, ತಮಿಳಿನವಳು. ಗಣಿ ಮುಚ್ಚಿಹೋಗಿತ್ತು. ಅವಳಪ್ಪನ ಎದೆಯಲ್ಲಿ ಮಾತ್ರ ಗಣಿಯ ಧೂಳು ಉಳಿದುಕೊಂಡಿತ್ತು, ಮಾತಿಗಿಂತ ಕೆಮ್ಮೇ ಹೆಚ್ಚು. ನಮ್ಮಜ್ಜಿ ಬಾಗಿಲಲ್ಲಿ ನಿಂತು ಇಬ್ಬರನ್ನೂ ಮೇಲಿಂದ ಕೆಳಗೆ ನೋಡಿ, ಆರತಿ ತಟ್ಟೆ ತರಲು ಅಮ್ಮನಿಗೆ ಹೇಳಿದಳು. ಊರಿನವರು ಅಜ್ಜಿಯ ದೊಡ್ಡ ಮನಸ್ಸನ್ನು ಹೊಗಳಿದರು. ಮನೆಯೊಳಗೆ ಬಿಟ್ಟುಕೊಳ್ಳುವುದು ಬೇರೆ, ಮನೆಯವಳೆಂದು ಒಪ್ಪಿಕೊಳ್ಳುವುದು ಬೇರೆ ಎಂಬುದು ಊರಿನವರಿಗೆ ಗೊತ್ತಿರಲಿಲ್ಲ. ನಮಗೆ ಗೊತ್ತಿತ್ತು, ಏಕೆಂದರೆ ನಮ್ಮ ಮನೆಯಲ್ಲಿ ಅದನ್ನು ತೋರಿಸಲು ಮಾವಿನ ಬುಟ್ಟಿ ಇತ್ತು.

ಹಿತ್ತಲಿನ ತೋಪಿನಲ್ಲಿ ತೋತಾಪುರಿ, ನೀಲಂ ಎಲ್ಲ ಇದ್ದರೂ ಅಜ್ಜಿಯ ಜೀವವೆಲ್ಲ ಒಂದು ಮಲಗೋವಾ ಮರದ ಮೇಲೆ. ಅದು ಅವಳು ಸೊಸೆಯಾಗಿ ಬಂದ ಮೇಲೆ ತಾನೇ ನೆಟ್ಟು, ಕೊಡದಲ್ಲಿ ನೀರು ಹೊತ್ತು ಬೆಳೆಸಿದ್ದು. ಅದರ ಹಣ್ಣು ಸಂತೆಗೆ ಹೋಗುವಂತಿರಲಿಲ್ಲ. ಹುಲ್ಲಿನಲ್ಲಿ ಮಾಗಿಸಿ, ಬಿದಿರು ಬುಟ್ಟಿಗೆ ತುಂಬಿ ಬೀಗರ ಮನೆಗಳಿಗೆ ಕಳಿಸುವುದು ಅಜ್ಜಿಯ ಪದ್ಧತಿ. ಅಮ್ಮನ ತವರಿಗೆ ಒಂದು, ಅತ್ತೆಯಂದಿರ ಮನೆಗಳಿಗೆ ಒಂದೊಂದು. ಬುಟ್ಟಿ ಹೋಗುವ ಮನೆ ನಮ್ಮ ಸಂಬಂಧ, ಹೋಗದ ಮನೆ ಬರೀ ಪರಿಚಯ. ಮದುವೆಯಾದ ಮೊದಲ ಬೇಸಿಗೆಯಲ್ಲಿ ಚಿಕ್ಕಮ್ಮ ಪಡಸಾಲೆಯ ಕಂಬಕ್ಕೆ ಒರಗಿ ಬುಟ್ಟಿಗಳು ತುಂಬುವುದನ್ನು ನೋಡಿದಳು. ಒಂದೊಂದಾಗಿ ಎಲ್ಲವೂ ಹೋದವು. ಉರಿಗಾಂ ಕಡೆಗೆ ಯಾವುದೂ ಹೊರಡಲಿಲ್ಲ. ಅವಳು ಉಳಿದ ಹುಲ್ಲನ್ನು ಗುಡಿಸಿ ದನಕ್ಕೆ ಹಾಕಿದಳು.

ನಮಗೆ ಮಕ್ಕಳಿಗೆ ಆ ರಾಜಕೀಯವೆಲ್ಲ ಬೇಕಿರಲಿಲ್ಲ. ನಮ್ಮ ಪಾಲಿಗೆ ಚಿಕ್ಕಮ್ಮ ಬಂದದ್ದು ಹಬ್ಬ. ಅವಳ ಕನ್ನಡ ಎಂದರೆ ಅರ್ಧ ತಮಿಳು, ಕಾಲು ತೆಲುಗು, ಉಳಿದದ್ದು ಅವಳದೇ. ನಾವು ಕುಂಟೆಬಿಲ್ಲೆ ಅನ್ನುತ್ತಿದ್ದ ಆಟಕ್ಕೆ ಅವಳು ಪಾಂಡಿ ಅನ್ನುತ್ತಿದ್ದಳು. ಸೀರೆಯ ನೆರಿಗೆ ಎತ್ತಿ ಕಟ್ಟಿ ನಮ್ಮ ಜೊತೆ ಕುಂಟುತ್ತಿದ್ದಳು.

"ಕಾಲು ಗೆರೆ ಮೇಲೆ ಇಟ್ಟೆ ಮಾ ನೀನು. ನಾನು ಪಾತ್ತುಬಿಟ್ಟೆ."

"ಪಾತ್ತುಬಿಟ್ಟೆ ಅಲ್ಲ ಚಿಕ್ಕಮ್ಮ, ನೋಡ್ಬುಟ್ಟೆ."

"ಯಾವುದೋ ಒಂದು. ನೀನು ಔಟು."

ಅಜ್ಜಿಯ ತವರು ಗಡಿಯಾಚೆಯ ತೆಲುಗು ಹಳ್ಳಿ. ಆದ್ದರಿಂದ ನಮ್ಮ ಮನೆಯಲ್ಲಿ ಒಂದೇ ಹುಳಕ್ಕೆ ಮೂರು ಹೆಸರು. ಅಜ್ಜಿ ಸಮಾಧಾನದಲ್ಲಿದ್ದರೆ "ಉಳ", ಸಿಟ್ಟು ಬಂದರೆ "ಪುರುಗು", ಚಿಕ್ಕಮ್ಮನಿಗೆ ಯಾವಾಗಲೂ "ಪೂಚಿ". ನಾವು ಊಟಕ್ಕೆ ಕೂತಾಗ ಇಬ್ಬರನ್ನೂ ಅಣಕಿಸಿ ಬೈಸಿಕೊಳ್ಳುತ್ತಿದ್ದೆವು.

ಎಣ್ಣೆಯ ಕಥೆ ಶುರುವಾದದ್ದು ಬಾವಿ ಪಕ್ಕದ ನಿಂಬೆ ಗಿಡದಿಂದ. ಎಲೆಯೆಲ್ಲ ಮುದುರಿ, ಕೊಂಬೆಗೆ ಬಿಳೀ ಹುಳ ಅಂಟಿಕೊಂಡು, ಗಿಡದ ತುಂಬ ಕಟ್ಟಿರುವೆ. ಕಡಿದು ಒಲೆಗೆ ಹಾಕಲು ಅಜ್ಜಿ ಹೇಳಿಯಾಗಿತ್ತು. ಚಿಕ್ಕಮ್ಮ ತಡೆದಳು. ಅವಳಪ್ಪ ಗಣಿಯವರ ಲೈನ್ ಮನೆಯ, ಅಂದರೆ ಸಾಲುಮನೆಯ, ಮುಂದಿನ ಅಂಗೈಯಗಲ ಜಾಗದಲ್ಲಿ ಸೀಬೆ, ನಿಂಬೆ, ದಾಳಿಂಬೆ ಬೆಳೆಸಿದ್ದರಂತೆ. ಅಂಗಡಿಯ ಔಷಧಿ ಹೊಡೆದರೆ ಪಕ್ಕದ ಮನೆಯವರ ಅಡಿಗೆ ಪಾತ್ರೆಗೇ ಬೀಳುವಷ್ಟು ಒತ್ತಾಗಿ ಮನೆಗಳಿದ್ದ ಕಾರಣ ಅವರು ಬರೀ ಎಣ್ಣೆಯಲ್ಲೇ ಹುಳ ಓಡಿಸುತ್ತಿದ್ದರಂತೆ.

"ಗಿಡಕ್ಕೂ ಎಣ್ಣೆ ಸ್ನಾನ ಮಾಡಿಸ್ತೀಯಾ?" ಎಂದು ಅಪ್ಪ ನಕ್ಕ.

"ನಾಳೆ ನೀವೇ ನೋಡಿ ಭಾವ," ಅಂದಳು.

ಬೇವಿನೆಣ್ಣೆ ಮನೆಯಲ್ಲಿ ದನದ ಹುಣ್ಣಿಗೆಂದು ಇರುತ್ತಿತ್ತು. ಹೊಂಗೆ ಎಣ್ಣೆ ದೇವರ ದೀಪಕ್ಕೆಂದು ಇರುತ್ತಿತ್ತು. ಮೂರನೆಯದೊಂದನ್ನು ಅವಳು ತವರಿಗೆ ಹೋದಾಗ ಕಾಗದ ಸುತ್ತಿದ ಸೀಸೆಯಲ್ಲಿ ತಂದಳು. ಮೂರನ್ನೂ ಬೆರೆಸುವ ಕೆಲಸವನ್ನು ನಾವು ಶಾಲೆಯಿಂದ ಬರುವುದರೊಳಗೆ ಮುಗಿಸಿರುತ್ತಿದ್ದಳು. ಅಜ್ಜಿಯಂತೂ ಆ ವಾಸನೆಗೆ ಸೆರಗು ಮೂಗಿಗಿಟ್ಟುಕೊಂಡು ಪಡಸಾಲೆಗೆ ಓಡುತ್ತಿದ್ದಳು. ನಮಗೆ ಉಳಿಯುತ್ತಿದ್ದದ್ದು ಕಡೆಯುವ ಕೆಲಸ. ಬಾರ್ ಸೋಪನ್ನು ತುರಿದು ಬಿಸಿನೀರಿನಲ್ಲಿ ಕರಗಿಸಿ, ಎಣ್ಣೆ ಹುಯ್ದು, ಹಳೇ ಕಡಗೋಲಿನಿಂದ ಮಜ್ಜಿಗೆ ಕಡೆದಂತೆ ಕಡೆಯಬೇಕು. ನೋಡನೋಡುತ್ತ ಎಣ್ಣೆ ಒಡೆದು ಹಾಲಿನಂತೆ ಬೆಳ್ಳಗಾಗುತ್ತಿತ್ತು.

"ಎಣ್ಣೆ ಮೇಲೆ ತೇಲಬಾರದು ಕಣ್ಣು," ಅನ್ನುತ್ತಿದ್ದಳು ನನಗೆ, ಕಣ್ಣು ಎಂದರೆ ಅವಳ ತಮಿಳಿನ ಮುದ್ದು. "ತೇಲಿದರೆ ಎಲೆ ಸುಟ್ಟೋಗುತ್ತೆ. ಇನ್ನ ಸುತ್ತು, ಇನ್ನ ಸುತ್ತು."

ಬಿಸಿಲು ಇಳಿದ ಮೇಲೆ ಬೆನ್ನಿಗೆ ಔಷಧಿ ಡಬ್ಬ ಕಟ್ಟಿಕೊಂಡು, ಎಲೆಯ ಕೆಳಮೈಗೆ ತಾಗುವಂತೆ ಬಗ್ಗಿ ಬಗ್ಗಿ ಹೊಡೆಯುತ್ತಿದ್ದಳು. ಆ ಸಂಜೆ ಮುದ್ದೆ ನುಂಗಿದರೂ ಬೇವು, ನೀರು ಕುಡಿದರೂ ಬೇವು. ಅಜ್ಜಿ ಮುಖ ಸಿಂಡರಿಸಿಕೊಂಡೇ ಉಂಡಳು. ಆದರೆ ಮಳೆ ಬೀಳುವ ಹೊತ್ತಿಗೆ ನಿಂಬೆ ಗಿಡ ಹೊಸ ಚಿಗುರು ಬಿಟ್ಟಿತ್ತು. ಅಜ್ಜಿ ಯಾರಿಗೂ ಕಾಣದಂತೆ ಹೋಗಿ ಎಲೆ ಮಗುಚಿ ನೋಡಿ ಬರುತ್ತಿದ್ದದ್ದು ನಮಗೆಲ್ಲ ಕಾಣುತ್ತಿತ್ತು.

ಹಿಂದಿನ ವರ್ಷ ಮಲಗೋವಾ ಮರದ ಹೂವಿಗೆ ಜಿಗಿಹುಳ ಬಿದ್ದು, ಎಲೆಯ ಮೇಲೆಲ್ಲ ಬೆಲ್ಲದ ಪಾಕದಂಥ ಅಂಟು ಸುರಿದು, ಅದರ ಮೇಲೆ ಮಸಿ ಕೂತು ಮರವೇ ಕರ್ರಗಾಗಿತ್ತು. ಬುಟ್ಟಿಗಳೆಲ್ಲ ಅರ್ಧಂಬರ್ಧ ಹೋಗಿದ್ದವು. ಈ ಸಲ ಚಳಿ ಬಿದ್ದು ಕೊಂಬೆಯ ತುದಿಯಲ್ಲಿ ಮೊಗ್ಗು ಉಬ್ಬುತ್ತಿದ್ದಂತೆ ಅಜ್ಜಿ ಮರದ ಬುಡದಲ್ಲಿ ಅವರೆಕಾಯಿ ಸುಲಿಯುತ್ತ ಕೂತಿದ್ದಳು. ಪಾತ್ರೆ ತೊಳೆಯುತ್ತಿದ್ದ ಚಿಕ್ಕಮ್ಮನ ಕಡೆ ನೋಡದೆಯೇ ಹೇಳಿದಳು.

"ಇದುಕ್ಕೂ ಒಡಿ, ನಿನ್ ಎಣ್ಣೆ."

"ಒಡೀಲಾ ಅತ್ತೆ?"

"ಒಡಿ ಅಂದ್ನಲ್ಲ. ಈ ಸಲ ಕಾಯಿ ನಿಂತ್ರೆ ಮೊದಲ್ನೇ ಬುಟ್ಟಿ ಉರಿಗಾಂಗೆ ಓಗ್ಲಿ. ನಿಮ್ಮಪ್ಪನೂ ತಿನ್ಲಿ ಮಲಗೋವಾ."

ಚಿಕ್ಕಮ್ಮ ತೊಳೆದಿಟ್ಟ ಚೊಂಬನ್ನೇ ಮತ್ತೆ ತೊಳೆದಳು. ಮೊದಲ ಬುಟ್ಟಿ ಎಂದರೆ ಅದು ಅಮ್ಮನ ತವರಿಗೂ ಎಂದೂ ಸಿಕ್ಕದ ಮರ್ಯಾದೆ. ಅಡಿಗೆಮನೆಯಲ್ಲಿದ್ದ ಅಮ್ಮನ ಬಳೆ ಸದ್ದು ಒಂದು ಗಳಿಗೆ ನಿಂತದ್ದು ನನಗೆ ಕೇಳಿಸಿತು. ಆಮೇಲಿನ ಭಾನುವಾರ ಚಿಕ್ಕಮ್ಮ ತವರಿಗೆ ಹೋಗಿ ಸುದ್ದಿ ಹೇಳಿ ಬಂದಳು. ಅವಳಪ್ಪ ಬೀಗರ ಮನೆಯಿಂದ ಬುಟ್ಟಿ ಬರುತ್ತದೆಂದು ಇಡೀ ಲೈನಿಗೆ ಸಾರಿದರಂತೆ, ಕೆಮ್ಮನ್ನೂ ಲೆಕ್ಕಿಸದೆ.

ಆ ವರ್ಷ ಮಲಗೋವಾ ಬಿಟ್ಟಂಥ ಹೂವನ್ನು ನಾನು ಮತ್ತೆ ಯಾವ ಮರದಲ್ಲೂ ನೋಡಿಲ್ಲ. ಮೊಗ್ಗು ಬಿಚ್ಚುವ ಮುಂಚೆ ಚಿಕ್ಕಮ್ಮ ಒಂದು ಕೈ ಎಣ್ಣೆ ಹೊಡೆದಿದ್ದಳು. ಚಿಕ್ಕಪ್ಪ ಮರ ಹತ್ತಿ ನಡುಗೊಂಬೆಗಳಿಗೆಲ್ಲ ಹೊಡೆದಿದ್ದ. ಎಲೆ ಕಾಣದಷ್ಟು ಹೂ ಬಂತು. ಅಜ್ಜಿ ಮಧ್ಯಾಹ್ನದ ನಿದ್ದೆಯನ್ನೂ ಮರದ ಕೆಳಗೇ ಮಾಡತೊಡಗಿದಳು. "ನಮ್ ಸೆಲ್ವಿ ಎಣ್ಣೆ ಕಣೇ," ಎಂದು ಬೇಲಿಯಾಚೆಯವರಿಗೆ ಹೇಳುವಾಗ ಆ "ನಮ್" ಎಂಬ ಮಾತು ಅವಳ ಬಾಯಿಂದ ಸಲೀಸಾಗಿ ಬರುತ್ತಿತ್ತು. ಚಿಕ್ಕಮ್ಮ ಅದನ್ನು ಕೇಳಿಸಿಕೊಂಡೂ ಕೇಳಿಸದವಳಂತೆ ಕೊಟ್ಟಿಗೆಗೆ ಹೋಗುತ್ತಿದ್ದಳು. ಅವಳ ನಡಿಗೆಯೇ ಬದಲಾಗಿತ್ತು.

ಹೂ ಅರ್ಧ ಬಿಚ್ಚಿದಾಗ ಜಿಗಿಹುಳ ಮತ್ತೆ ಕಾಣಿಸಿತು. ಅದೇ ದಿನ ಬೆಳಗ್ಗೆ ಉರಿಗಾಂನಿಂದ ಯಾರೋ ಬಂದು ಚಿಕ್ಕಮ್ಮನ ಅಪ್ಪನಿಗೆ ಉಸಿರು ಕಟ್ಟಿ ಆಸ್ಪತ್ರೆಗೆ ಸೇರಿಸಿದ್ದಾರೆಂದು ಹೇಳಿದರು. ಅವಳು ಉಟ್ಟ ಸೀರೆಯಲ್ಲೇ ಹೊರಟಳು. ಬಸ್ಸು ಊರ ಬಾಗಿಲಲ್ಲಿ ಹಾರನ್ ಹೊಡೆಯುತ್ತಿತ್ತು. ಚಪ್ಪಲಿ ಮೆಟ್ಟುತ್ತಿದ್ದವಳನ್ನು ಅಜ್ಜಿ ತಡೆದು ಕೇಳಿದಳು.

"ಉಳ ಬಿದ್ದೈತಲ್ಲ, ಏನ್ ಮಾಡಾನ?"

"ಒಂದು ಕೈ ಒಡೀಬೇಕು ಅತ್ತೆ, ಸಂಜೆ ಮೇಲೆ. ಬೇವೆಣ್ಣೆ, ಒಂಗೆಣ್ಣೆ ಮನೇಲಿ ಐತೆ. ವೆಳಕ್ಕೆಣ್ಣೆ ಮುಗಿದೋಯ್ತು, ಅದೊಂದು ತಗೊಳ್ಳಿ. ಮೂರೂ ಸಮ. ಅದಿಲ್ಲದೆ ಒಡೀಬೇಡಿ, ಅಂಟೋದು ಅದೇ."

ಅಷ್ಟು ಹೇಳಿ ಓಡಿದಳು, ಹಿಂದೆಯೇ ಚಿಕ್ಕಪ್ಪನೂ.

ಸಂಜೆ ಅಪ್ಪ ಹೊಲದಿಂದ ಬಂದ ಮೇಲೆ ಪಡಸಾಲೆಯಲ್ಲಿ ಪಂಚಾಯ್ತಿ ನಡೆಯಿತು. ಅಜ್ಜಿಗೆ ತಮಿಳು ಬಾರದು. ಅಪ್ಪನಿಗೆ ಸಂತೆಯ ತಮಿಳು ಬರುತ್ತಿತ್ತು, ಅಂದರೆ ದನದ ಹಲ್ಲು ಹಿಡಿದು ಚೌಕಾಸಿ ಮಾಡುವಷ್ಟು.

"ವೆಳಕ್ಕು ಅಂದ್ರೆ ದೀಪ ಕಣಮ್ಮ. ವೆಳಕ್ಕೆಣ್ಣೆ ಅಂದ್ರೆ ದೀಪದೆಣ್ಣೆ."

"ದೇವರ ದೀಪಕ್ಕೆ ನಾವು ಆಕೋದು ಒಂಗೆಣ್ಣೆ. ಅದುನ್ನ ಬೇರೆಯಾಗೇ ಏಳವಳಲ್ಲ."

"ಅದಲ್ಲ ಅಂದ್ರೆ ಇನ್ನೇನು, ಬುಡ್ಡಿ ದೀಪದ್ದು. ಸೀಮೆಣ್ಣೆ." ಅಪ್ಪ ತಲೆ ಕೆರೆದುಕೊಂಡ. "ಊವಿಗೆ ಸೀಮೆಣ್ಣೆ ಒಡೀತಾರಾ ಅಮ್ಮ? ಅವಳು ಬರ್ಲಿ, ಕೇಳಾನ."

"ಅವಳು ಬರೋಷ್ಟ್ರಲ್ಲಿ ಉಳ ಎಲ್ಲಾ ಈರ್ಕೊಂಡಿರ್ತೈತೆ. ನಿಂಬೆ ಗಿಡ ಬದುಕ್ಸಿದ್ಳೋ ಇಲ್ವೋ? ಅವಳು ಏಳಿದ್ಮೇಲೆ ಆಯ್ತು. ಒಡಿ."

ನಾನು ಅಲ್ಲೇ ಕೂತು ಕೇಳುತ್ತಿದ್ದೆ. ಯಾವ ಸೊಸೆಯ ಮಾತಿಗೂ ತಲೆಯಾಡಿಸದ ಅಜ್ಜಿ ಅವತ್ತು ಹೆತ್ತ ಮಗನ ಮಾತು ತಳ್ಳಿ ಚಿಕ್ಕಮ್ಮನ ಮಾತು ಹಿಡಿದಳು. ಸೊಸೈಟಿಯಿಂದ ತಂದ ಸೀಮೆಎಣ್ಣೆಯ ಕ್ಯಾನು ಹೊರಗೆ ಬಂತು. ಮೂರೂ ಸಮ. ಕಡೆದರು, ಹೊಡೆದರು.

ಆಮೇಲೆ ಎರಡು ಬಿಸಿಲು ಹೊತ್ತುವುದರೊಳಗೆ ಹೂವೆಲ್ಲ ಕೆಂಪಗೆ ಹುರಿದುಹೋಯಿತು. ಬಾಣಲೆಯಲ್ಲಿ ಮರೆತ ಒಗ್ಗರಣೆಯ ಹಾಗೆ. ಗಾಳಿ ಬೀಸಿದರೆ ಉದುರುವ ಸದ್ದು ಒಳಗಿನವರೆಗೆ ಕೇಳಿಸುತ್ತಿತ್ತು. ಎಳೆ ಎಲೆಗಳೂ ಅಂಚಿನಿಂದ ಕಪ್ಪಾಗಿ ಸುರುಳಿ ಸುತ್ತಿಕೊಂಡವು. ಹಿತ್ತಲು ಪೂರಾ ಸೀಮೆಎಣ್ಣೆ ನಾತ. ಅಜ್ಜಿ ಮರದ ಕೆಳಗೆ ನಿಂತೇ ಇದ್ದಳು. ತಲೆಯ ಮೇಲೆ, ಹೆಗಲ ಮೇಲೆ ಹೂವು ಬೀಳುತ್ತಿದ್ದರೂ ಕೊಡವಲಿಲ್ಲ. ಅಮ್ಮ ಊಟಕ್ಕೆ ಕರೆದರೂ ಬರಲಿಲ್ಲ. ಆ ವಯಸ್ಸಿನಲ್ಲಿ ನನಗೆ ದೊಡ್ಡವರು ಅಳುವುದು ನೋಡಿ ಗೊತ್ತಿತ್ತು, ಅಳದೆ ನಿಂತಿರುವುದು ನೋಡಿರಲಿಲ್ಲ. ನನಗೆ ಹೆದರಿಕೆಯಾಯಿತು.

ತನ್ನಪ್ಪನನ್ನು ಆಸ್ಪತ್ರೆಯಿಂದ ಮನೆಗೆ ಕರೆತಂದ ಮೇಲೆ ಚಿಕ್ಕಮ್ಮ ಚಿಕ್ಕಪ್ಪನ ಜೊತೆ ವಾಪಸು ಬಂದಳು. ನಿದ್ದೆಗೆಟ್ಟು ಕಣ್ಣು ಒಳಗೆ ಹೋಗಿದ್ದವು. ಚೀಲ ಇಳಿಸದೆ ಮೊದಲು ಹಿತ್ತಲಿಗೇ ಬಂದಳು. ಮರ ನೋಡಿ ಬಾಯಿ ಮೇಲೆ ಕೈಯಿಟ್ಟುಕೊಂಡಳು.

"ಏನು ಒಡೆದ್ರಿ ಅತ್ತೆ?"

"ನೀನು ಏಳಿದ್ದೇ ಒಡೆದ್ವಿ. ದೀಪದೆಣ್ಣೆ. ಸೀಮೆಣ್ಣೆ."

"ಅಯ್ಯೋ, ಸೀಮೆಣ್ಣೆ ಅಂತ ನಾನು ಏಳಲಿಲ್ಲ ಅತ್ತೆ. ವೆಳಕ್ಕೆಣ್ಣೆ. ಗಟ್ಟಿಯಾಗಿ ಇರುತ್ತೆ ಅಲ್ಲ, ತಲೆಗೆಲ್ಲ ವೈಕ್ಕುತಾರೆ, ಅದು. ಅದಕ್ಕೆ ಕನ್ನಡದಲ್ಲಿ ಏನಂತಾರೋ..." ಪದಕ್ಕಾಗಿ ಅವಳು ನಮ್ಮೆಲ್ಲರ ಮುಖ ನೋಡಿದಳು. ಯಾರಿಗೂ ಹೊಳೆಯಲಿಲ್ಲ. "ಅಪ್ಪನ ಮನೇಲಿ ಐತೆ. ನಾಳೆ ತಂದು ತೋರಿಸ್ತೀನಿ."

"ಈ ಊವಿಗೆ ತಂದು ತೋರ್ಸು. ಎದ್ದು ಕೂತ್ಕೊಂತೈತೇನೋ ನೋಡಾನ."

"ನಾನು ಯಾಕೆ ಅತ್ತೆ ನಮ್ಮ ಮರ ಸುಡ್ತೀನಿ?"

ಅಜ್ಜಿಯ ಸಿಟ್ಟು ಅಲ್ಲಿಯವರೆಗೆ ಮರದ ಮೇಲಿತ್ತು, ತನ್ನ ಮೇಲೇ ಇತ್ತು. ಈಗ ಅದಕ್ಕೊಂದು ಮುಖ ಸಿಕ್ಕಿತು.

"ಉರಿಗಾಂನೋಳು, ಉರೀನೇ ತಂದಿಕ್ಕಿದ್ಳು ನಮ್ಮನೇಗೆ," ಅಂದಳು.

ಬೇಲಿಯಾಚೆಯವರು ಕೇಳಿಸಿಕೊಂಡು ಕಿಸಕ್ಕನೆ ನಕ್ಕರು. ಪ್ರಾಸ ಚೆನ್ನಾಗಿತ್ತಲ್ಲ, ಸಂಜೆಯೊಳಗೆ ಊರೆಲ್ಲ ಹರಡಿತು. ನೀರಿಗೆ ಹೋದರೆ ಅದೇ, ಡೈರಿಗೆ ಹಾಲು ಹಾಕಲು ಹೋದರೆ ಅದೇ. ಚಿಕ್ಕಮ್ಮ ಚಿಕ್ಕಪ್ಪನ ಕಡೆ ನೋಡಿದಳು. ಅವನು ಜಗುಲಿಯಲ್ಲಿ ಕೂತು ಚಪ್ಪಲಿಯ ಉಂಗುಟ ಸರಿಮಾಡುತ್ತಿದ್ದ. ಎಷ್ಟು ಹೊತ್ತಾದರೂ ಆ ಉಂಗುಟ ಸರಿಯಾಗಲಿಲ್ಲ. ಅವನು ಅವತ್ತು ಒಂದೇ ಒಂದು ಮಾತು ಆಡಿದ್ದರೆ ಸಾಕಿತ್ತು ಎಂದು ನನಗೆ ಇವತ್ತಿಗೂ ಅನ್ನಿಸುತ್ತದೆ. ಅವನ ಮೇಲಿನ ಸಿಟ್ಟು ನನಗೆ ಇನ್ನೂ ಇಳಿದಿಲ್ಲ.

ಬೆಳಗ್ಗೆ ಅವಳು ಅಂಗಳ ಗುಡಿಸಿ, ನೀರು ಚಿಮುಕಿಸಿ, ರಂಗೋಲಿ ಹಾಕಿ, ಚೀಲ ಎತ್ತಿಕೊಂಡು ಬಸ್ಸು ಹತ್ತಿದಳು.

ಬೇಸಿಗೆ ರಜೆ ಬಂತು. ಆ ಸಲ ಪಡಸಾಲೆಯಲ್ಲಿ ಬುಟ್ಟಿ ಇಲ್ಲ, ಹುಲ್ಲು ಇಲ್ಲ. ರಜೆಯಲ್ಲಿ ಮಕ್ಕಳ ಹೊಟ್ಟೆ ತೊಳೆಸುವುದು ಅಜ್ಜಿಯ ಇನ್ನೊಂದು ಪದ್ಧತಿ. ಅದಕ್ಕೆ ಹರಳೆಣ್ಣೆ ಬೇಕು. ನನ್ನನ್ನು ಕರೆದುಕೊಂಡು ಬಂಗಾರಪೇಟೆಯ ಎಣ್ಣೆ ಅಂಗಡಿಗೆ ಹೋದಳು. ನಮಗಿಂತ ಮುಂಚೆ ಒಬ್ಬ ಹೆಂಗಸು ಸೀಸೆ ಚಾಚಿ ನಿಂತಿದ್ದಳು.

"ಅಣ್ಣಾ, ವೆಳಕ್ಕೆಣ್ಣೆ ಕಾಲ್ ಲೀಟರ್."

ಅಂಗಡಿಯವನು ಒಂದು ಡಬ್ಬದಿಂದ ಅಳೆದು ಹುಯ್ದ. ಎಣ್ಣೆ ಜೇನುತುಪ್ಪದ ಹಾಗೆ ನಿಧಾನಕ್ಕೆ ಇಳಿಯಿತು. ಆಮೇಲೆ ನಮ್ಮ ಕಡೆ ತಿರುಗಿದ. ಅಜ್ಜಿ ಹರಳೆಣ್ಣೆ ಕೇಳಿದಳು. ಅವನು ಅದೇ ಡಬ್ಬಕ್ಕೇ ಮತ್ತೆ ಕೈ ಹಾಕಿದ.

ಅಜ್ಜಿ ಅವನ ಕೈ ಹಿಡಿದುಬಿಟ್ಟಳು. ಗಾಬರಿಯಲ್ಲಿ ತೆಲುಗೇ ಬಂತು.

"ಇದಿ ಆಮುದಮಾ?"

"ಅವುನಮ್ಮಾ. ತೆಲುಗಲ್ಲಿ ಆಮುದಂ, ಕನ್ನಡದಲ್ಲಿ ಅರಳೆಣ್ಣೆ. ನಮ್ ಕೆಜಿಎಫ್ ಜನಕ್ಕೆ ವೆಳಕ್ಕೆಣ್ಣೆ. ಎಲ್ಲಾ ಒಂದೇ."

"ಅದು ದೀಪದೆಣ್ಣೆ ಅಂತ ಅಲ್ವೇನಪ್ಪ?"

"ಆಗಿನ ಕಾಲ್ದಲ್ಲಿ ಇದ್ರಲ್ಲೇ ದೀಪ ಅಚ್ತಿದ್ರಂತೆ, ಅದಕ್ಕೇ ಆ ಎಸ್ರು. ಎಷ್ಟು ಆಕ್ಲಿ?"

ಅಜ್ಜಿ ಅಂಗಡಿಯ ಮೆಟ್ಟಿಲ ಮೇಲೆ ಕೂತುಬಿಟ್ಟಳು. ಎಣ್ಣೆ ತೆಗೆದುಕೊಳ್ಳಲೇ ಇಲ್ಲ. ಸುಮಾರು ಹೊತ್ತಿನ ಮೇಲೆ ಎದ್ದು ಮಾರುಕಟ್ಟೆಗೆ ಹೋಗಿ ಒಂದು ಬುಟ್ಟಿ ಮಲಗೋವಾ ಕೊಂಡಳು. ಹುಟ್ಟಿದಾಗಿನಿಂದ ಅವಳು ಮಾವಿನ ಹಣ್ಣು ಕೊಂಡದ್ದನ್ನು ಯಾರೂ ನೋಡಿರಲಿಲ್ಲ. ಒಂದೊಂದನ್ನೂ ಮೂಸಿ, ಒತ್ತಿ, ಮಾರುವವನಿಗೆ ಸಾಕುಸಾಕಾಗಿಸಿ ಆರಿಸಿದಳು. "ನಡಿ," ಅಂದಳು ನನಗೆ. ನಾವು ಮಾರಿಕುಪ್ಪಂ ರೈಲುಗಾಡಿ ಹತ್ತಿ ಉರಿಗಾಂನಲ್ಲಿ ಇಳಿದೆವು.

ಗಣಿಯಿಂದ ತೆಗೆದು ಹಾಕಿದ ಬಿಳೀ ಮಣ್ಣಿನ ದಿಬ್ಬಗಳಾಚೆ ಸಾಲು ಮನೆಗಳು. ಚಿಕ್ಕಮ್ಮನ ಮನೆಯನ್ನು ಯಾರನ್ನೂ ಕೇಳಬೇಕಾಗಲಿಲ್ಲ. ಬಾಗಿಲ ಮುಂದೆ ಸೀಬೆ ಗಿಡವಿದ್ದದ್ದು ಅದೊಂದೇ. ಅವಳಪ್ಪ ಮಂಚದಿಂದ ಏಳಲು ಹೋಗಿ, ಕೆಮ್ಮಿ, ಗೋಡೆ ಹಿಡಿದು ಎದ್ದು ನಿಂತು ಎರಡೂ ಕೈ ಚಾಚಿ ಬುಟ್ಟಿ ಇಸಿದುಕೊಂಡರು.

"ಸಂಬಂಧಿ ಅಮ್ಮಾ ವಂದಿರುಕ್ಕಾಂಗ," ಎಂದು ಪಕ್ಕದ ಮನೆಗೆ ಕೇಳುವಂತೆ ಕೂಗಿದರು. ಬೀಗಿತಿ ಬಂದಿದ್ದಾರೆ ಎಂದು. ಅವರ ಕಣ್ಣಲ್ಲಿ ನೀರಿತ್ತು.

ಚಿಕ್ಕಮ್ಮ ಕಾಫಿ ಕೊಟ್ಟಳು. ಅಜ್ಜಿಯ ಕಾಲು ಮುಟ್ಟಿದಳು. ನನ್ನ ತಲೆ ಸವರಿದಳು. ಆಮೇಲೆ ಒಂದು ಹಣ್ಣು ತೆಗೆದು ಮೂಗಿಗೆ ಹಿಡಿದು, ತನ್ನಪ್ಪನಿಗೆ ಕೇಳಿಸದ ಹಾಗೆ ಮೆಲ್ಲಗೆ ಅಂದಳು.

"ಇದು ನಮ್ಮ ಮರದ್ದು ಅಲ್ಲ."

"ಅಲ್ಲ," ಅಂದಳು ಅಜ್ಜಿ. "ಅಂಗಡೀಲಿ ಕೇಳ್ದೆ. ಅದು ಆಮುದಂ ಅಂತೆ."

"ಗೊತ್ತಾಯ್ತಲ್ಲ ಅತ್ತೆ. ಸಾಕು."

"ಬಾ, ಓಗಾನ."

ಚಿಕ್ಕಮ್ಮ ಸೀರೆಯ ಸೆರಗನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು. ಅವಳಿಗೆ ಬರುವ ಮನಸ್ಸಿತ್ತು. ಅದು ನನಗೆ, ಅಷ್ಟು ಚಿಕ್ಕವಳಿಗೂ, ಕಾಣುತ್ತಿತ್ತು.

"ಬಂದು ನಾನು ಏನು ಮಾತಾಡಲಿ ಅತ್ತೆ ಅಲ್ಲಿ? ಉಪ್ಪು ಕೊಡಿ ಅಂತ ಕೇಳೋಕೂ ಈಗ ಭಯ ಆಗುತ್ತೆ. ನಾನು ಒಂದು ಅಂದರೆ ನಿಮಗೆ ಇನ್ನೊಂದು ಆದರೆ?"

ಅಜ್ಜಿ, ಊರಲ್ಲಿ ಯಾರ ಬಾಯಿಗೂ ಸೋಲದ ಹೆಂಗಸು, ಕಾಫಿ ಲೋಟ ಕೆಳಗಿಟ್ಟು ಎದ್ದಳು. ವಾಪಸು ಗಾಡಿಯಲ್ಲಿ ಕಿಟಕಿಯ ಕಡೆ ಮುಖ ಮಾಡಿಕೊಂಡು, ನನಗೋ ತನಗೋ ಎಂದು ತಿಳಿಯದಂತೆ ಹೇಳಿದಳು.

"ಅವಳ ಮಾತು ನಂಬಿ ತಾನೇ ಒಡ್ಸಿದ್ದು ನಾನು. ಮಗ ಬ್ಯಾಡ ಅಂದ್ರೂ ಕೇಳ್ಲಿಲ್ಲ. ಅದೊಂದಾದ್ರೂ ಏಳ್ಬೇಕಾಗಿತ್ತು."

ಹೇಳಲಿಲ್ಲ. ಆಮೇಲೂ ಹೇಳಲಿಲ್ಲ. ಚಿಕ್ಕಪ್ಪ ಕೆಲವು ದಿನ ಇಲ್ಲಿ, ಕೆಲವು ದಿನ ಅಲ್ಲಿ ಎಂದು ಓಡಾಡಿದ. ಅವನ ಅಂಗಿ, ಪಂಚೆಗಳು ಒಂದೊಂದಾಗಿ ಉರಿಗಾಂ ಸೇರಿದವು. ಅವಳಪ್ಪ ಹೋದ ಮೇಲೆ ಇಬ್ಬರೂ ಹೊಸೂರಿನ ಕಡೆ ಹೊರಟುಹೋದರು. ಅಲ್ಲಿ ಅವಳ ಅಣ್ಣನಿದ್ದ. ಹಬ್ಬಕ್ಕೆ ಚಿಕ್ಕಪ್ಪನ ಫೋನು ಬರುತ್ತಿತ್ತು. ಅಜ್ಜಿ ಫೋನು ಕಿವಿಗಿಟ್ಟುಕೊಂಡು "ಅವಳು ಅವ್ಳಾ?" ಎಂದು ಕೇಳುತ್ತಿದ್ದಳು. ಇದ್ದಾಳೆ ಅನ್ನುತ್ತಿದ್ದ. "ಸರಿ" ಎಂದು ಫೋನು ಅಪ್ಪನಿಗೆ ಕೊಟ್ಟುಬಿಡುತ್ತಿದ್ದಳು. ಅಜ್ಜಿ ತೀರಿಕೊಂಡಾಗ ಅವನೊಬ್ಬನೇ ಬಂದ.

ಮಲಗೋವಾ ಮರ ಸಾಯಲಿಲ್ಲ. ಮರಕ್ಕೆ ಅಷ್ಟೊಂದು ಅಭಿಮಾನ ಇರುವುದಿಲ್ಲ. ಮಾರನೆಯ ವರ್ಷವೇ ಮತ್ತೆ ಹೂ ಬಿಟ್ಟಿತು. ಈಗ ತೋಪನ್ನು ಹೂವಿಗೆ ಮುಂಚೆಯೇ ಗುತ್ತಿಗೆಗೆ ಕೊಡುತ್ತೇವೆ. ಗುತ್ತಿಗೆಯವರು ಟ್ರ್ಯಾಕ್ಟರಿನಲ್ಲಿ ಡ್ರಮ್ಮು ತಂದು, ಉದ್ದನೆಯ ಪೈಪು ಎಳೆದು, ಬಾಯಿಗೆ ಬಟ್ಟೆ ಕಟ್ಟಿಕೊಂಡು ಮಟಮಟ ಮಧ್ಯಾಹ್ನ ಹೊಡೆಯುತ್ತಾರೆ. ಅವತ್ತು ಕಿಟಕಿ ಬಾಗಿಲು ಮುಚ್ಚಿ ಮಕ್ಕಳನ್ನು ಒಳಗೆ ಕೂಡಿಹಾಕುತ್ತೇವೆ. ಹೂವಿನ ಕಾಲದಲ್ಲಿ ತೋಪಿನ ತುಂಬ ಗುಂಯ್‌ಗುಡುತ್ತಿದ್ದ ಜೇನುಹುಳ ಈಗ ಬರುವುದಿಲ್ಲ. ಹಣ್ಣು ಲಾರಿ ಹತ್ತುತ್ತದೆ. ಬೀಗರ ಮನೆಯವರು ಅದನ್ನೇ ಅಂಗಡಿಯಲ್ಲಿ ಕೊಂಡು ತಿನ್ನುತ್ತಾರೆ. ನನ್ನ ಮಗಳಿಗೆ ಹರಳೆಣ್ಣೆಗೆ ತೆಲುಗಿನಲ್ಲಿ ಏನೆನ್ನುತ್ತಾರೆಂದು ಗೊತ್ತಿಲ್ಲ, ತಮಿಳಿನಲ್ಲಿಯೂ ಗೊತ್ತಿಲ್ಲ. ಹರಳೆಣ್ಣೆಯೇ ಗೊತ್ತಿಲ್ಲ.

ಹೋದ ವರ್ಷ ಬಂಗಾರಪೇಟೆ ಸ್ಟೇಷನ್ನಿನಲ್ಲಿ ಚಿಕ್ಕಮ್ಮ ಸಿಕ್ಕಳು. ಕಲ್ಲು ಬೆಂಚಿನ ಮೇಲೆ ಒಬ್ಬಳೇ ಕೂತಿದ್ದಳು. ಕೂದಲು ಪೂರಾ ಬೆಳ್ಳಗಾಗಿತ್ತು. ಆದರೂ ಕೂತ ಭಂಗಿ ಅದೇ. ನಾನು ಹತ್ತಿರ ಹೋಗಿ "ಚಿಕ್ಕಮ್ಮಾ" ಅಂದೆ. ಅವಳು ತಲೆಯೆತ್ತಿ, ಗುರುತು ಹಿಡಿದು, ಎದ್ದು ನಿಂತಳು. ನನಗಾಗಿ ಎದ್ದು ನಿಂತಳು.

"ನೀವು ಮುನಿರಾಜು ಅವರ ಅಣ್ಣನ ಮಗಳಲ್ಲವೇ? ಹೇಗಿದ್ದೀರಿ? ಮನೆಯಲ್ಲಿ ಎಲ್ಲರೂ ಆರೋಗ್ಯವಾಗಿದ್ದಾರೆಯೇ?"

ರೇಡಿಯೋದಲ್ಲಿ ವಾರ್ತೆ ಓದುವವರ ಕನ್ನಡ. ನಾನು ದಂಗಾದೆ. "ನನ್ಯಾಕೆ ನೀವು ತಾವು ಅಂತೀಯ ಚಿಕ್ಕಮ್ಮ, ನಾನು ಕಣೇ," ಅಂದೆ. ಅವಳು ನಕ್ಕಳು. ಮಾರಿಕುಪ್ಪಂನಲ್ಲಿ ಸಂಬಂಧಿಕರ ಮದುವೆಗೆ ಹೊರಟಿದ್ದೇನೆ ಎಂದಳು. ಚಿಕ್ಕಪ್ಪನಿಗೆ ಮಂಡಿ ನೋವು, ಬರಲಾಗಲಿಲ್ಲ ಎಂದಳು. ಇಷ್ಟು ಚೆನ್ನಾಗಿ ಕನ್ನಡ ಎಲ್ಲಿ ಕಲಿತೆ ಎಂದು ಕೇಳಿದೆ.

"ಹೊಸೂರಿನಲ್ಲಿ ಒಬ್ಬ ಮೇಷ್ಟ್ರ ಮನೆ ಪಕ್ಕದಲ್ಲೇ ಇತ್ತು. ಅವರ ಹತ್ತಿರ ಓದು ಬರಹ ಎಲ್ಲ ಹೇಳಿಸಿಕೊಂಡೆ. ತಪ್ಪಾಗಬಾರದಲ್ಲ, ಅದಕ್ಕೆ."

ಆಮೇಲೆ ನಾನು ಬೇಕೆಂದೇ ನಮ್ಮೂರಿನ ಮಾತಿನಲ್ಲಿ, ನನಗೆ ಬರುವ ಹರಕು ಮುರುಕು ತಮಿಳನ್ನೂ ಸೇರಿಸಿ ಏನೇನೋ ಮಾತಾಡಿದೆ. ರೈಲಿನಲ್ಲಿ ಅಜ್ಜಿ ಅಂದದ್ದನ್ನೂ ಹೇಳಿದೆ, ನಂಬಿಯೇ ಹೊಡೆಸಿದ್ದಂತೆ ಎಂದು. ಅವಳು ಚೀಲದ ದಾರ ಎಳೆದು ಬಿಗಿದಳು. "ಹಾಗೆ ಹೇಳಿದರಾ? ನನಗೆ ಗೊತ್ತಿರಲಿಲ್ಲ," ಅಂದಳು. ಅಷ್ಟೇ. ಅವಳ ಬಾಯಿಂದ ಒಂದೇ ಒಂದು ತಪ್ಪು ಮಾತು ಬರಲಿ ಎಂದು ನಾನು ಕಾದೆ, ದೇವರಿಗೆ ಹರಸಿಕೊಳ್ಳುವ ಹಾಗೆ ಕಾದೆ. ಬರಲಿಲ್ಲ. ನಮ್ಮ ಮನೆಯಲ್ಲಿ ಯಾರಿಗೂ ಬಾರದಷ್ಟು ಸರಿಯಾದ ಕನ್ನಡದಲ್ಲಿ ಅವಳು ನನ್ನ ಗಂಡನ ಕೆಲಸ, ಮಗಳ ಓದು ಎಲ್ಲವನ್ನೂ ವಿಚಾರಿಸಿದಳು, ಪರಸ್ಥಳದಲ್ಲಿ ಸಿಕ್ಕ ಒಳ್ಳೆಯ ಜನರನ್ನು ವಿಚಾರಿಸುವಂತೆ.

ಗಾಡಿ ಬಂತು. ಚೀಲ ಎತ್ತಿಕೊಡಲು ಹೋದೆ. ಬೇಡ ಎಂದು ತಾನೇ ಎತ್ತಿಕೊಂಡು ಹತ್ತಿದಳು. ಬಾಗಿಲಲ್ಲಿ ನಿಂತು ಕೈ ಮುಗಿದು, "ಹೋಗಿ ಬರುತ್ತೇನೆ," ಅಂದಳು, ಒಂದಕ್ಷರವನ್ನೂ ನುಂಗದೆ.